ಜರ್ಮನ್ ಮೂಕಿ ಚಿತ್ರಗಳ ಹೆಂಗಸರು: ಹತ್ತು ಅಂಕ ಕಳೆದುಕೊಂಡ ಕಥೆ

ಹದಿನಾರುಎಂಎಂ:

ಕಳೆದ ಭಾನುವಾರ ಒಂದು ಸಿನಿಮಾ ಕ್ವಿಜ್‌ಗೆ ಹೋಗಿದ್ದೆ. ಕೊನೆಯ ಸುತ್ತಿನ ಪ್ರಶ್ನೆ: ಜರ್ಮನಿಯ ಮೊದಲ ಮಹಿಳಾ ನಿರ್ದೇಶಕಿ ಯಾರು? ನಾನು ಓಲ್ಗಾ ವೋಲ್‌ಬ್ರೂಕ್ ಅಂದೆ. ಕ್ವಿಜ್ ಮಾಸ್ಟರ್ ಕೈಯಲ್ಲಿದ್ದ ಕಾರ್ಡ್ ನೋಡಿ, ತಪ್ಪು, ಲೆನಿ ರೀಫೆನ್‌ಶ್ಟಾಲ್ ಅಂದರು. ಹತ್ತು ಅಂಕ ಹೋಯಿತು. ತಂಡದವರು ಇನ್ನೂ ನನ್ನ ಜೊತೆ ಸರಿಯಾಗಿ ಮಾತಾಡುತ್ತಿಲ್ಲ.

ಅಂಕ ಹೋದರೆ ಹೋಗಲಿ. ಆ ಉತ್ತರ ಮಾತ್ರ ಗಂಟಲಲ್ಲಿ ಮೀನಿನ ಮುಳ್ಳಿನ ಹಾಗೆ ಸಿಕ್ಕಿಕೊಂಡಿದೆ. ಲೆನಿ ನಿರ್ದೇಶಿಸಿದ ಮೊದಲ ಚಿತ್ರ ‘ನೀಲಿ ಬೆಳಕು’ ಬಂದದ್ದು 1932ರಲ್ಲಿ. ಆಗ ಟಾಕಿ ಬಂದಾಗಿತ್ತು. ಅದಕ್ಕೂ ಒಂದು ವರ್ಷ ಮೊದಲೇ ಲಿಯೊಂಟೀನ್ ಸಾಗನ್ ‘ಸಮವಸ್ತ್ರದ ಹುಡುಗಿಯರು’ ಮಾಡಿದ್ದರು. ಅಂದರೆ ಟಾಕಿಯಲ್ಲೂ ಲೆನಿ ಮೊದಲಿನವರಲ್ಲ. ಮೂಕಿ ಕಾಲದ ಮಾತಂತೂ ಬಿಡಿ. ವೋಲ್‌ಬ್ರೂಕ್ ಒಂದು ಚಿತ್ರ ನಿರ್ದೇಶಿಸಿದ್ದು 1913ರಲ್ಲಿ. ಹತ್ತೊಂಬತ್ತು ವರ್ಷ ಹಿಂದೆ! ಆಗ ಅವರಿಗೆ ನಲವತ್ತು ದಾಟಿತ್ತು. ನಟಿಯಾಗಿ, ಕಾದಂಬರಿಕಾರ್ತಿಯಾಗಿ ಹೆಸರು ಮಾಡಿದ ಮೇಲೆ ಕ್ಯಾಮೆರಾ ಹಿಂದೆ ನಿಂತವರು.

ಪುಸ್ತಕ ತೆಗೆದರೆ ಮುರ್ನೌ, ಲಾಂಗ್, ಲುಬಿಚ್, ಬರೀ ಗಂಡು ನಿರ್ದೇಶಕರೇ. ಹೆಂಗಸರು ಅಂದರೆ ಪರದೆ ಮೇಲೆ ಮೂರ್ಛೆ ಹೋಗುವವರು, ಅಷ್ಟೇ. ಪರದೆ ಹಿಂದಿದ್ದವರ ಬಗ್ಗೆ ನಿಮಗೆ ಗೊತ್ತಿರುವುದನ್ನೆಲ್ಲ ಇಲ್ಲಿ ಸುರಿಯಿರಿ. ಮುಂದಿನ ಕ್ವಿಜ್‌ಗೆ ಕೈ ತುಂಬ ಸಾಕ್ಷಿ ಹಿಡಿದುಕೊಂಡು ಹೋಗುವವಳಿದ್ದೇನೆ.

ಹಿಂದಿನಬೆಂಚು:

ಅಕ್ಕ, ಹತ್ತು ಅಂಕಕ್ಕೆ ಇಷ್ಟು ಸಿಟ್ಟಾ! ನಾನು ಸೆಮಿಸ್ಟರ್‌ನಲ್ಲಿ ನಲವತ್ತು ಕಳಕೊಂಡು ಆರಾಮಾಗಿದ್ದೇನೆ. ಆದರೂ ಕೂತಿದ್ದೇನೆ, ಮುಂದುವರಿಸಿ.

ಅನುಮಾನಪ್ಪ:

ತಪ್ಪು ತಿಳಿಯಬೇಡಿ ಮೇಡಂ. ಎಲ್ಲೋ ಒಂದು ಹೆಸರು, ಎಲ್ಲೋ ಒಂದು ಚಿತ್ರ ಹುಡುಕಿ ತೆಗೆದು ‘ಇತಿಹಾಸ ಮುಚ್ಚಿಟ್ಟರು’ ಅನ್ನುವುದು ಈಗ ಫ್ಯಾಷನ್ ಆಗಿದೆ. ಒಂದು ಚಿತ್ರ ಮಾಡಿದವರು ಗಂಡಸರಲ್ಲೂ ನೂರಾರು ಜನ ಇದ್ದಾರೆ. ಅವರನ್ನೂ ಯಾರೂ ನೆನಪಿಟ್ಟಿಲ್ಲ. ವೋಲ್‌ಬ್ರೂಕ್ ಬಿಟ್ಟರೆ ಇನ್ನು ಯಾರಿದ್ದಾರೆ ಹೇಳಿ ನೋಡೋಣ.

ಹದಿನಾರುಎಂಎಂ:

ಹೇಳುತ್ತೇನೆ. ಕಾಫಿ ಮಾಡಿಕೊಂಡು ಬನ್ನಿ.

ಹಾನಾ ಹೆನ್ನಿಂಗ್. ನಿರ್ದೇಶಕಿ ಮಾತ್ರವಲ್ಲ, ನಿರ್ಮಾಪಕಿ ಕೂಡ. ಕಂಪನಿಯ ಹೆಸರು ‘ಬೂಬಿ ಫಿಲ್ಮ್’. ಬೂಬಿ ಅಂದರೆ ಜರ್ಮನ್ನರ ಮನೆಮಾತಿನಲ್ಲಿ ಪುಟ್ಟ ಹುಡುಗ, ನಮ್ಮ ‘ಪುಟ್ಟ’ ಇದ್ದ ಹಾಗೆ. ಮೊದಲ ಮಹಾಯುದ್ಧದ ವರ್ಷಗಳಲ್ಲಿ ಸಾಲುಸಾಲಾಗಿ ಚಿತ್ರ ತೆಗೆದರು. 1920ರ ‘ದೊಡ್ಡ ಬೆಳಕು’ ಚಿತ್ರದಲ್ಲಿ ಎಮಿಲ್ ಯಾನಿಂಗ್ಸ್ ನಟಿಸಿದ್ದರು. ಮುಂದೆ ಮೊಟ್ಟಮೊದಲ ಆಸ್ಕರ್‌ನಲ್ಲಿ ಶ್ರೇಷ್ಠ ನಟ ಅನ್ನಿಸಿಕೊಂಡರಲ್ಲ, ಅದೇ ಯಾನಿಂಗ್ಸ್. ಹೆನ್ನಿಂಗ್ 1925ರಲ್ಲಿ ನಲವತ್ತರ ಆಸುಪಾಸಿನಲ್ಲಿ ತೀರಿಕೊಂಡರು. ಒಂದೇ ಚಿತ್ರದ ಹೆಸರಲ್ಲ ಇದು, ಅನುಮಾನಪ್ಪನವರೇ.

ಫರ್ನ್ ಆಂಡ್ರಾ. ಅಮೆರಿಕದ ಇಲಿನಾಯ್‌ನವರು, ಸರ್ಕಸ್ಸಿನಲ್ಲಿ ಹಗ್ಗದ ಮೇಲೆ ನಡೆಯುತ್ತಿದ್ದವರು. ಬರ್ಲಿನ್‌ಗೆ ಬಂದು, ಯುದ್ಧದ ಕಾಲದಲ್ಲಿ ಸ್ವಂತ ಕಂಪನಿ ಕಟ್ಟಿ, ತಾವೇ ಬರೆದು, ತಾವೇ ನಿರ್ದೇಶಿಸಿ, ತಾವೇ ನಾಯಕಿಯಾದರು. ಆಗ ಜರ್ಮನಿಯ ದೊಡ್ಡ ತಾರೆ. 1922ರಲ್ಲಿ ಅವರಿದ್ದ ವಿಮಾನ ಹ್ಯಾಂಬರ್ಗ್‌ನಲ್ಲಿ ಬಿತ್ತು. ಪೈಲಟ್ ಸತ್ತ, ಇವರು ಉಳಿದರು. ಆ ಪೈಲಟ್, ಮೊದಲ ಮಹಾಯುದ್ಧದಲ್ಲಿ ‘ರೆಡ್ ಬ್ಯಾರನ್’ ಅಂತ ಪ್ರಸಿದ್ಧನಾದ ಜರ್ಮನ್ ಯುದ್ಧವಿಮಾನ ಪೈಲಟ್ ರಿಖ್ತ್‌ಹೋಫೆನ್‌ನ ತಮ್ಮ ಲೋಥಾರ್. ಇವರ ಜೀವನವನ್ನೇ ಸಿನಿಮಾ ಮಾಡಿದರೆ ‘ಸ್ವಲ್ಪ ಜಾಸ್ತಿಯಾಯ್ತು’ ಅಂತಾರೆ ಜನ.

ಇವರಿಗಿಂತ ನನ್ನನ್ನು ಕಾಡುವವರು ರೋಸಾ ಪೋರ್ಟೆನ್. ತಂಗಿ ಹೆನ್ನಿ ಪೋರ್ಟೆನ್ ಜರ್ಮನಿಯ ಮೊದಲ ಫಿಲ್ಮ್ ಸ್ಟಾರ್. ಹೆನ್ನಿಗೆ ಹೆಸರು ತಂದ ‘ಕುರುಡರ ಪ್ರೇಮಸುಖ’ದ ಕಥೆ ಬರೆದದ್ದು ಅಕ್ಕ ರೋಸಾ. ಆಮೇಲೆ ಗಂಡ ಫ್ರಾಂಜ್ ಎಕ್‌ಶ್ಟೈನ್ ಜೊತೆ ಸೇರಿ ಹತ್ತಾರು ಚಿತ್ರ ನಿರ್ದೇಶಿಸಿದರು. ಆದರೆ ಟೈಟಲ್ ಕಾರ್ಡ್‌ನಲ್ಲಿ ಬರುತ್ತಿದ್ದ ಹೆಸರು ಏನು ಗೊತ್ತಾ? ‘ಡಾ. ಆರ್. ಪೋರ್ಟೆಗ್’.

ಡಾಕ್ಟರ್ ಪೋರ್ಟೆಗ್! ಯಾರಿಗಾದರೂ ಕಣ್ಮುಂದೆ ಬರುವುದು ಕನ್ನಡಕ, ಗಡ್ಡ, ಕೋಟು. ಅದರೊಳಗೆ ಅರ್ಧ ರೋಸಾ, ಅರ್ಧ ಗಂಡ. ಮುಂದೆ ಇತಿಹಾಸ ಬರೆಯಲು ಕೂತವನು ಈ ಹೆಸರು ನೋಡಿ ಗಂಡಸರ ಸಾಲಿಗೆ ಸೇರಿಸಿ ಮುಂದೆ ಹೋಗುತ್ತಾನೆ, ಅಲ್ವಾ?

ಹಿಂದಿನಬೆಂಚು:

ನಮ್ಮಲ್ಲಿ ಗಂಡಸರು ಹೆಂಗಸರ ಹೆಸರಿಟ್ಟುಕೊಂಡು ವಾರಪತ್ರಿಕೆಗೆ ಕಥೆ ಬರೆಯುತ್ತಿದ್ದರು ಅಂತ ಅಜ್ಜಿ ಹೇಳುತ್ತಿದ್ದರು. ಇದು ಅದರ ಉಲ್ಟಾ ಕೇಸು.

ಕತ್ತರಿಸಾಣೆ:

ಟೈಟಲ್ ಕಾರ್ಡ್ ಮಾತು ಬಂದದ್ದರಿಂದ ನಾನೂ ಬಾಯಿ ಹಾಕುತ್ತೇನೆ. ಮೂವತ್ತು ವರ್ಷ ಎಡಿಟಿಂಗ್ ಟೇಬಲ್ ಮುಂದೆ ಕೂತವಳು ನಾನು.

ಆ ಕಾಲದ ಜರ್ಮನ್ ಸ್ಟುಡಿಯೊಗಳಲ್ಲಿ ಫಿಲ್ಮ್ ಕತ್ತರಿಸಿ ಜೋಡಿಸುವ ಕೋಣೆಯಲ್ಲಿ ತುಂಬ ಹುಡುಗಿಯರಿದ್ದರು. ಅವರಿಗೆ ‘ಕ್ಲೇಬರಿನ್’ ಅನ್ನುತ್ತಿದ್ದರು. ಅಂದರೆ ಅಂಟಿಸುವವಳು. ಕೆಲಸ ನೋಡಿ: ಫಿಲ್ಮಿನ ಅಂಚಿನ ಎಮಲ್ಷನ್ ಲೇಪ ಕೆರೆದು, ಸಿಮೆಂಟ್ ಅನ್ನುವ ಫಿಲ್ಮ್ ಅಂಟು ಹಚ್ಚಿ, ಒತ್ತಿ ಹಿಡಿಯಬೇಕು. ಒಂದು ಫ್ರೇಮ್ ಹೆಚ್ಚುಕಡಿಮೆಯಾದರೆ ಪರದೆ ಮೇಲೆ ಜಿಗಿತ ಕಾಣುತ್ತದೆ. ಫಿಲ್ಮ್ ಬೇರೆ ನೈಟ್ರೇಟ್, ಒಂದು ಕಿಡಿ ಸಾಕು ಧಗ್ ಅನ್ನಲು. ಯಾವ ಶಾಟ್ ಎಲ್ಲಿ ಮುಗಿದರೆ ಚೆನ್ನ ಅನ್ನುವುದು ಕೈಯಲ್ಲಿ ಕತ್ತರಿ ಹಿಡಿದವರಿಗೆ ಗೊತ್ತಾಗುತ್ತದೆ. ಆ ತೀರ್ಮಾನಕ್ಕೆ ಸಿಕ್ಕ ಹೆಸರು ‘ಅಂಟಿಸುವುದು’.

ನನ್ನದೇ ಒಂದು ಮಾತು. ತೊಂಬತ್ತರ ದಶಕದಲ್ಲಿ ಒಂದು ಚಿತ್ರಕ್ಕೆ ಸಹಾಯಕಿಯಾಗಿ ನಾಲ್ಕು ತಿಂಗಳು ದುಡಿದಿದ್ದೆ. ಅಮ್ಮನನ್ನು ಕರೆದುಕೊಂಡು ಥಿಯೇಟರಿಗೆ ಹೋದೆ. ಟೈಟಲ್‌ನಲ್ಲಿ ನನ್ನ ಹೆಸರಿಲ್ಲ. ಊಟ ಸರಬರಾಜು ಮಾಡಿದವರ ಹೆಸರಿತ್ತು. ಅಮ್ಮ ಪಾಪ ‘ಕಣ್ಣು ಮಂಜು, ನಿನ್ನ ಹೆಸರು ಬಂದದ್ದು ಕಾಣಲಿಲ್ಲ ಕಣೆ’ ಅಂದರು. ನಾನೂ ಹೌದಮ್ಮ, ಬೇಗ ಹೋಯಿತು ಅಂದೆ.

ಅನುಮಾನಪ್ಪ:

ಕತ್ತರಿಸಾಣೆ ಮೇಡಂ, ಆ ಊಟದ ವಿಷಯಕ್ಕೆ ನನ್ನ ಬಳಿ ಉತ್ತರ ಇಲ್ಲ. ಸರಿ, ಹೆನ್ನಿಂಗ್, ಆಂಡ್ರಾ, ಪೋರ್ಟೆನ್ ಒಪ್ಪಿದೆ. ಆದರೂ ಸಂಖ್ಯೆಗಿಂತ ಗುಣ ಮುಖ್ಯ ಅಲ್ವಾ? ಲಾಂಗ್, ಮುರ್ನೌ ಪಕ್ಕದಲ್ಲಿಟ್ಟು ನೋಡುವಂಥ ಕೃತಿ ಒಂದಾದರೂ ಇದೆಯಾ?

ನೆಕ್ಕರ್‌ದಂಡೆ:

ಇದೆ. ಒಂದು ಸಾಕು. ಲೊಟ್ಟೆ ರೈನಿಗರ್ ಅವರ ಅನಿಮೇಷನ್ ಚಿತ್ರ ‘ರಾಜಕುಮಾರ ಅಹಮದನ ಸಾಹಸಗಳು’, 1926.

ನಾನು ಟ್ಯೂಬಿಂಗನ್ ಹತ್ತಿರ ಇರುವ ಕನ್ನಡಿಗ. ಇಲ್ಲಿನ ನಗರ ವಸ್ತುಸಂಗ್ರಹಾಲಯದಲ್ಲಿ ರೈನಿಗರ್ ಅವರದ್ದೇ ಒಂದು ವಿಭಾಗ ಇದೆ. ಅವರ ಕೊನೆಯ ದಿನಗಳು ಕಳೆದದ್ದು ಪಕ್ಕದ ಡೆಟ್ಟನ್‌ಹೌಸನ್ ಊರಿನಲ್ಲಿ, ತೀರಿಕೊಂಡದ್ದು 1981ರಲ್ಲಿ. ಆರು ವರ್ಷದ ಮಗಳನ್ನು ಕರೆದುಕೊಂಡು ಹೋಗಿದ್ದೆ. ಹೊರಗೆ ಐಸ್‌ಕ್ರೀಮ್ ಗಾಡಿ ನಿಂತಿದ್ದರೂ ಒಳಗಿಂದ ಬರಲು ಒಪ್ಪಲಿಲ್ಲ ಅವಳು.

ರೈನಿಗರ್ ಹುಟ್ಟಿದ್ದು 1899ರಲ್ಲಿ, ಬರ್ಲಿನ್ನಿನ ಶಾರ್ಲೊಟನ್‌ಬರ್ಗ್‌ನಲ್ಲಿ. ಕತ್ತರಿ ಹಿಡಿದರೆ ಕಪ್ಪು ಕಾಗದದಿಂದ ಯಾರ ಮುಖ ಬೇಕಾದರೂ ಕತ್ತರಿಸಿ ಕೊಡುತ್ತಿದ್ದರಂತೆ. ಪಾಲ್ ವೆಗನರ್ ಅನ್ನುವ ನಟ, ನಿರ್ದೇಶಕ ಆ ಕೈಚಳಕ ನೋಡಿ ಹತ್ತಿರ ಸೇರಿಸಿಕೊಂಡ. ಅವನ ‘ಹ್ಯಾಮಲಿನ್ನಿನ ಕಿಂದರಿಜೋಗಿ’ ಚಿತ್ರ, 1918. ಹೌದು, ಕುವೆಂಪು ಅವರಿಂದ ನಮಗೆಲ್ಲ ಗೊತ್ತಿರುವ ಅದೇ ಜೋಗಿ, ಅದೇ ಇಲಿಗಳು. ನಿಜವಾದ ಇಲಿಗಳು ಹೇಳಿದ ಮಾತು ಕೇಳಲಿಲ್ಲ. ಮರದ ಇಲಿಗಳನ್ನು ಇಟ್ಟು, ಚೂರುಚೂರು ಸರಿಸಿ, ಒಂದೊಂದೇ ಫ್ರೇಮ್ ತೆಗೆಯಬೇಕಾಯಿತು. ಆ ಕೆಲಸದಲ್ಲಿ ಕೈಜೋಡಿಸಿದವರು ಹತ್ತೊಂಬತ್ತರ ಹುಡುಗಿ ಲೊಟ್ಟೆ. ಮುಂದಿನ ವರ್ಷವೇ ಸ್ವಂತದ ಮೊದಲ ಕಿರುಚಿತ್ರ ಬಂತು.

ಈಗ ಅಹಮದನ ಕಥೆ. 1923. ಜರ್ಮನಿಯಲ್ಲಿ ದುಡ್ಡಿಗೆ ಬೆಲೆಯೇ ಇಲ್ಲ. ಲೂಯಿ ಹಾಗನ್ ಅನ್ನುವ ಬ್ಯಾಂಕರ್, ನೋಟು ಇಟ್ಟುಕೊಂಡರೆ ನಾಳೆಗೆ ರದ್ದಿ ಅಂತ, ರಾಶಿ ಕಚ್ಚಾ ಫಿಲ್ಮ್ ಕೊಂಡಿಟ್ಟಿದ್ದ. ನಾವು ಚಿನ್ನ ಕೊಂಡಿಡುವ ಹಾಗೆ. ಆ ಫಿಲ್ಮ್ ಕೊಟ್ಟು, ಪೂರ್ತಿ ಉದ್ದದ ಚಿತ್ರ ಮಾಡು ಅಂದ. ಕಾರ್ಟೂನ್ ಅಂದರೆ ಹತ್ತು ನಿಮಿಷದ ತಮಾಷೆ ಅನ್ನುವ ಕಾಲ ಅದು. ಪಾಟ್ಸ್‌ಡ್ಯಾಮ್‌ನಲ್ಲಿ ಅವನ ಕಾರ್ ಗ್ಯಾರೇಜಿನ ಮೇಲಿನ ಅಟ್ಟವೇ ಸ್ಟುಡಿಯೊ. ಮೂರು ವರ್ಷದ ಕೆಲಸ.

ಗಾಜಿನ ಮೇಜು, ಕೆಳಗಿನಿಂದ ಬೆಳಕು, ಮೇಲೆ ನೆತ್ತಿಗೆ ಕ್ಯಾಮೆರಾ. ಕಪ್ಪು ರಟ್ಟು ಮತ್ತು ತೆಳು ಸೀಸದ ಹಾಳೆಯ ಗೊಂಬೆಗಳು, ಕೀಲುಗಳಿಗೆ ತಂತಿ. ಕೂದಲೆಳೆಯಷ್ಟು ಸರಿಸು, ಒಂದು ಫ್ರೇಮ್ ತೆಗೆ. ಮತ್ತೆ ಸರಿಸು. ಗಾಜನ್ನು ಅಂತಸ್ತು ಅಂತಸ್ತಾಗಿ ಇಟ್ಟು ದೂರ, ಹತ್ತಿರ ತೋರಿಸಿದರು. ಸುಮಾರು ಎರಡೂವರೆ ಲಕ್ಷ ಫ್ರೇಮ್ ತೆಗೆದು, ಬಳಸಿದ್ದು ಸುಮಾರು 96,000. ಗಂಡ ಕಾರ್ಲ್ ಕಾಖ್ ಕ್ಯಾಮೆರಾ ನೋಡಿಕೊಂಡರು. ವಾಲ್ಟರ್ ರುಟ್‌ಮನ್ ಮಾಯಾಜಾಲದ ದೃಶ್ಯಗಳಿಗೆ, ಬರ್ಟೋಲ್ಡ್ ಬಾರ್ಟೋಶ್ ಸಮುದ್ರದ ಅಲೆಗೆ. ಇಬ್ಬರೂ ಆಮೇಲೆ ದೊಡ್ಡ ಹೆಸರಾದರು. ಅಟ್ಟದ ಮೇಲೆ ಮಾತ್ರ ಯಜಮಾನಿಕೆ ಇಪ್ಪತ್ತನಾಲ್ಕರ ಹುಡುಗಿಯದ್ದು.

ಡಿಸ್ನಿಯ ಸ್ನೋವೈಟ್ ಬಂದದ್ದು 1937ರಲ್ಲಿ. ಹನ್ನೊಂದು ವರ್ಷ ಆಮೇಲೆ. ಇವತ್ತು ನೋಡಲು ಸಿಗುವ ಅನಿಮೇಷನ್ ಪೂರ್ಣಚಿತ್ರಗಳಲ್ಲಿ ಅತಿ ಹಳೆಯದು ಅಹಮದ್. ಅರ್ಜೆಂಟೀನಾದಲ್ಲಿ 1917ರಲ್ಲೇ ಒಂದು ಬಂದಿತ್ತು, ಅದು ಉಳಿದಿಲ್ಲ.

ಲೆಕ್ಕದಮೇಷ್ಟ್ರು:

96,000 ಭಾಗಿಸು 24, ನಾಲ್ಕು ಸಾವಿರ ಸೆಕೆಂಡು. ಅರವತ್ತಾರು ನಿಮಿಷ ನಲವತ್ತು ಸೆಕೆಂಡು. ಚಿತ್ರದ ಉದ್ದಕ್ಕೆ ಹೊಂದುತ್ತದೆ. ತೆಗೆದ ಫ್ರೇಮುಗಳಲ್ಲಿ ಐದಕ್ಕೆ ಮೂರು ಬಿಸಾಕಿದ್ದಾರೆ ಅಂತಾಯಿತು. ನಮ್ಮ ಮಕ್ಕಳಿಗೆ ಒಂದು ಲೆಕ್ಕ ಅಳಿಸಿ ಬರಿ ಅಂದರೆ ಮುಖ ಊದಿಸುತ್ತಾರೆ.

ತೊಗಲುಗೊಂಬೆ:

ನಾನು ನೋಡಿದ್ದೇನೆ. ಮಾಟಗಾತಿಗೂ ಮಂತ್ರವಾದಿಗೂ ಜಗಳ ಆಗುತ್ತದಲ್ಲ, ಕ್ಷಣಕ್ಕೊಂದು ಪ್ರಾಣಿಯಾಗಿ ಒಬ್ಬರನ್ನೊಬ್ಬರು ಹರಿಯುವುದು, ಅಲ್ಲಿ ಎದ್ದು ನಿಂತುಬಿಟ್ಟಿದ್ದೆ. ನಮ್ಮ ಮನೆಯಲ್ಲಿ ಮೂರು ತಲೆಮಾರು ತೊಗಲುಗೊಂಬೆ ಆಡಿಸಿದವರು. ಅದಕ್ಕೇ ಒಂದು ಮಾತು.

ಇದನ್ನು ‘ನಮ್ಮ ತೊಗಲುಗೊಂಬೆ ಥರ’ ಅಂತ ಸುಮ್ನೆ ಹೇಳಿಬಿಡುತ್ತಾರೆ. ಅಲ್ಲ. ನಮ್ಮ ಗೊಂಬೆ ಕಪ್ಪು ನೆರಳಲ್ಲ. ತೊಗಲನ್ನು ಹದ ಮಾಡಿ, ಬೆಳಕು ದಾಟುವಷ್ಟು ತೆಳ್ಳಗೆ ಮಾಡಿ, ಬಣ್ಣ ಹಾಕುತ್ತೇವೆ. ಪರದೆ ಮೇಲೆ ರಾವಣ ಕೆಂಪಗೆ ಉರಿಯಬೇಕು. ರೈನಿಗರ್ ಗೊಂಬೆಗಳು ಪೂರ್ತಿ ಕಪ್ಪು, ಬಣ್ಣ ಹಿನ್ನೆಲೆಯಲ್ಲಿ. ಹಾಗಾಗಿ ಅಲ್ಲಿ ಎಲ್ಲ ಅಂಚಿನಲ್ಲೇ ಆಗಬೇಕು. ಮೂಗಿನ ತುದಿ, ಬೆರಳು, ಬಾಗಿದ ಬೆನ್ನು. ನಾಯಕಿ ಪೆರಿಬಾನು ನಾಚಿಕೊಳ್ಳುವುದು ಕತ್ತಿನ ಒಂದು ಬಾಗಿನಲ್ಲಿ ತಿಳಿಯುತ್ತದೆ, ಕಣ್ಣು ಕಾಣುವುದೇ ಇಲ್ಲ. ನಮ್ಮ ತಾತ ಇದ್ದಿದ್ದರೆ ಆ ಕೈಗೆ ನಮಸ್ಕಾರ ಮಾಡುತ್ತಿದ್ದರು. ಇನ್ನೊಂದು ವ್ಯತ್ಯಾಸ: ನಮ್ಮಲ್ಲಿ ಆಟ ನಡೆಯುವಾಗಲೇ ಕೈ ಆಡಬೇಕು, ತಪ್ಪಿದರೆ ತಪ್ಪಿತು. ಅವರಿಗೆ ಐದಕ್ಕೆ ಮೂರು ಬಿಸಾಕುವ ಸೌಕರ್ಯ ಇತ್ತು!

ನೆಕ್ಕರ್‌ದಂಡೆ:

ಎಷ್ಟು ಸರಿಯಾಗಿ ಹೇಳಿದಿರಿ. ಚೀನಾದ ನೆರಳಾಟ ಅಂದರೆ ಚಿಕ್ಕಂದಿನಿಂದ ರೈನಿಗರ್‌ಗೆ ಹುಚ್ಚು. ಆದರೆ ಅವರ ಗೊಂಬೆ ಪರದೆಗೆ ಅಂಟಿ ನಿಲ್ಲುವುದಿಲ್ಲ, ಮೇಜಿನ ಮೇಲೆ ಮಲಗಿರುತ್ತದೆ.

ಇನ್ನೊಂದು ಹೇಳಲೇಬೇಕು. ಚಿತ್ರದ ಮೂಲ ನೆಗೆಟಿವ್ 1945ರಲ್ಲಿ ಬರ್ಲಿನ್ ಯುದ್ಧದಲ್ಲಿ ನಾಶವಾಯಿತು. ಇವತ್ತು ನಾವು ನೋಡುತ್ತಿರುವುದು ಲಂಡನ್ನಿನ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಉಳಿದಿದ್ದ ಬಣ್ಣ ಹಚ್ಚಿದ ನೈಟ್ರೇಟ್ ಪ್ರತಿಯಿಂದ, ತೊಂಬತ್ತರ ದಶಕದ ಕೊನೆಗೆ ಸರಿಪಡಿಸಿದ್ದು. ಆ ಪ್ರತಿ ಅಲ್ಲಿ ಇರದಿದ್ದರೆ ಅನುಮಾನಪ್ಪನವರು ‘ಒಂದಾದರೂ ಇದೆಯಾ’ ಅಂದಾಗ ನಾವೆಲ್ಲ ಬಾಯಿ ಮುಚ್ಚಿಕೊಂಡು ಕೂರಬೇಕಿತ್ತು.

ಅನುಮಾನಪ್ಪ:

ನಿನ್ನೆ ರಾತ್ರಿ ಕೂತು ನೋಡಿದೆ. ಮಾತಿಲ್ಲ. ರೈನಿಗರ್ ವಿಷಯದಲ್ಲಿ ಸೋತೆ.

ಆದರೆ ಥಿಯಾ ಫಾನ್ ಹಾರ್ಬೌ ಹೆಸರು ಮಾತ್ರ ಎತ್ತಬೇಡಿ. ಅವರು ಲಾಂಗ್ ಹೆಂಡತಿ ಅಂತ ಅಷ್ಟು ಹೆಸರು.

ಹದಿನಾರುಎಂಎಂ:

ನೀವೇ ಎತ್ತಿದಿರಿ. ಕೇಳಿ.

ಹಾರ್ಬೌ ಲಾಂಗ್‌ರನ್ನು ಮದುವೆಯಾಗುವ ಹೊತ್ತಿಗೇ ಹೆಸರಾಂತ ಕಾದಂಬರಿಕಾರ್ತಿ. ‘ಭಾರತದ ಗೋರಿ’ ಕಾದಂಬರಿ 1918ರದ್ದು, ಮದುವೆ 1922ರದ್ದು. ಡಾ. ಮಬೂಸೆ, ನಿಬೆಲುಂಗನ್, ಮೆಟ್ರೊಪೊಲಿಸ್, ‘ಚಂದ್ರನ ಮೇಲೆ ಹೆಂಗಸು’, ಎಲ್ಲದರ ಚಿತ್ರಕಥೆಯಲ್ಲೂ ಅವರ ಕೈ ಇದೆ. ಟಾಕಿಗೆ ಬಂದ ಮೇಲೆ ‘ಎಂ’ ಕೂಡ. ಲಾಂಗ್ ಜರ್ಮನಿಯಲ್ಲಿ ಮಾಡಿದ ದೊಡ್ಡ ಚಿತ್ರಗಳ ಪಟ್ಟಿ ಬರೆಯಿರಿ, ಹಾರ್ಬೌ ಚಿತ್ರಕಥೆಗಳ ಪಟ್ಟಿ ಬರೆಯಿರಿ. ಹೆಚ್ಚುಕಡಿಮೆ ಒಂದೇ ಪಟ್ಟಿ ಬರುತ್ತದೆ. ಹಾಗಿದ್ದರೆ ಯಾರ ಹೆಸರಿಂದ ಯಾರಿಗೆ ಹೆಸರು?

ಜೋಳದರೊಟ್ಟಿ:

ನಾನು ಬೆಳಗಾವಿಯವನು. ಹಾರ್ಬೌ ಹೆಸರು ಬಂತು ಅಂದ ಮೇಲೆ ಸುಮ್ಮನಿರೋದು ಹೆಂಗ್ರಿ?

ಬೆಳಗಾವಿ ಹತ್ತಿರ ಬೆಳಗುಂದಿ ಅಂತ ಊರಿದೆ. ಅಲ್ಲಿಯ ಆಯಿ ತೆಂಡೂಲ್ಕರ್ ಅನ್ನುವ ತರುಣ ಓದಲಿಕ್ಕೆ ಯುರೋಪಿಗೆ ಹೋಗಿ, ಬರ್ಲಿನ್‌ನಲ್ಲಿ ಪತ್ರಕರ್ತನಾದ. ಹಾರ್ಬೌಗೆ ಅವನ ಪರಿಚಯ ಆಯಿತು. ವಯಸ್ಸಿನಲ್ಲಿ ಅವನು ಬಹಳ ಚಿಕ್ಕವ. ಲಾಂಗ್ ಜೊತೆ ವಿಚ್ಛೇದನ ಆದದ್ದು 1933ರಲ್ಲಿ. ಆಮೇಲೆ ತೆಂಡೂಲ್ಕರ್ ಜೊತೆ ಗುಟ್ಟಾಗಿ ಮದುವೆ. ಹಿಟ್ಲರನ ಆಳ್ವಿಕೆಯಲ್ಲಿ ಇಷ್ಟು ಹೆಸರಿದ್ದ ಜರ್ಮನ್ ಹೆಂಗಸು ಭಾರತೀಯನನ್ನು ಬಹಿರಂಗವಾಗಿ ಮದುವೆಯಾಗುವ ಹಾಗಿರಲಿಲ್ಲ. ಯುದ್ಧ ಶುರುವಾಗುವ ಹೊತ್ತಿಗೆ ತೆಂಡೂಲ್ಕರ್ ಊರಿಗೆ ಬಂದು, ಬೆಳಗಾವಿಯಲ್ಲಿ ಮರಾಠಿ ಪತ್ರಿಕೆ ನಡೆಸಿದರು. ಬ್ರಿಟಿಷರು ಜೈಲಿಗೆ ಹಾಕಿದರು. ಮುಂದೆ ಗಾಂಧೀಜಿ ಆಶೀರ್ವಾದದಲ್ಲಿ ಇಂದುಮತಿ ಗುಣಾಜಿ ಅವರನ್ನು ಮದುವೆಯಾದರು. ಅವರ ಮಗಳು ಈ ಮೂವರ ಬಗ್ಗೆ ಪುಸ್ತಕ ಬರೆದಿದ್ದಾರೆ.

ನಮ್ಮೂರ ಕಡೆ ಕೇಳಿ ನೋಡಿ, ಮೆಟ್ರೊಪೊಲಿಸ್ ಬರೆದವಳಿಗೂ ಬೆಳಗುಂದಿಗೂ ಸಂಬಂಧ ಅಂದರೆ ಹತ್ತರಲ್ಲಿ ಒಂಬತ್ತು ಮಂದಿ ನಗುತ್ತಾರೆ.

ಕತ್ತರಿಸಾಣೆ:

ಒಂದು ನಿಮಿಷ. ಹಾರ್ಬೌ ನಾತ್ಸಿ ಪಕ್ಷದ ಸದಸ್ಯೆ ಆಗಿದ್ದರು. ಅದನ್ನು ಬಿಟ್ಟು ಪ್ರೇಮಕಥೆ ಮಾತ್ರ ಹೇಳಿದರೆ ಹೇಗೆ? ಲಾಂಗ್ ದೇಶ ಬಿಟ್ಟರು. ಇವರು ಉಳಿದು ಆ ಆಡಳಿತದಡಿ ಸಿನಿಮಾ ಬರೆಯುತ್ತಲೇ ಇದ್ದರು.

ಜೋಳದರೊಟ್ಟಿ:

ಬಿಟ್ಟಿಲ್ಲ ಮೇಡಂ, ಬರೆಯುವವನಿದ್ದೆ. ಭಾರತೀಯರಿಗೆ ಸಹಾಯ ಮಾಡಲಿಕ್ಕೆ ಪಕ್ಷ ಸೇರಿದೆ ಅಂತ ಆಮೇಲೆ ಅವರು ಹೇಳಿಕೊಂಡರು. ನನಗೆ ಪೂರ್ತಿ ನಂಬಿಕೆ ಬರುವುದಿಲ್ಲ. ಒಬ್ಬ ಭಾರತೀಯನನ್ನು ಮನೆಯಲ್ಲಿಟ್ಟುಕೊಂಡು ಆ ಪಕ್ಷದ ಚೀಟಿ ಕೈಯಲ್ಲಿ ಹಿಡಿಯುವ ಮನಸ್ಸು ಎಂಥದ್ದು? ಯುದ್ಧ ಮುಗಿದ ಮೇಲೆ ಬ್ರಿಟಿಷರು ಅವರನ್ನು ಬಂಧಿಸಿಟ್ಟರು. ಬಿಟ್ಟ ಮೇಲೆ ಬರ್ಲಿನ್ ಬೀದಿಗಳಲ್ಲಿ ಬಾಂಬಿಗೆ ಬಿದ್ದ ಕಟ್ಟಡಗಳ ಇಟ್ಟಿಗೆ ಹೊತ್ತರು. 1954ರಲ್ಲಿ ತಮ್ಮದೇ ಹಳೆಯ ಚಿತ್ರ, 1921ರ ‘ದಣಿದ ಸಾವು’ ಪ್ರದರ್ಶನಕ್ಕೆ ಅತಿಥಿಯಾಗಿ ಹೋಗಿ, ಹೊರಗೆ ಬರುವಾಗ ಬಿದ್ದರು. ಕೆಲವೇ ದಿನಕ್ಕೆ ತೀರಿಹೋದರು.

ಹದಿನಾರುಎಂಎಂ:

ಇಬ್ಬರ ಮಾತಿಗೂ ಸಹಿ. ನಾನು ಹುಡುಕುತ್ತಿರುವುದು ದೇವತೆಗಳನ್ನಲ್ಲ. ಲೆನಿ ವಿಷಯವೂ ಇದೇ ಅಲ್ವಾ? ‘ನೀಲಿ ಬೆಳಕು’ ಚಿತ್ರಕಥೆಯಲ್ಲಿ ಬೇಲಾ ಬಲಾಜ್ ಅನ್ನುವ ಬರಹಗಾರರ ಪಾಲು ದೊಡ್ಡದು. 1938ರಲ್ಲಿ ಮತ್ತೆ ಬಿಡುಗಡೆ ಮಾಡುವಾಗ ಯಹೂದಿ ಅಂತ ಅವರ ಹೆಸರು ಟೈಟಲ್‌ನಿಂದ ಮಾಯ. ಟೈಟಲ್ ಕಾರ್ಡಿನಿಂದ ಹೆಸರು ಒರೆಸುವ ಬಟ್ಟೆ ಗಂಡಸರ ಕೈಯಲ್ಲಿ ಮಾತ್ರ ಇರಲಿಲ್ಲ.

ಹಿಂದಿನಬೆಂಚು:

ನನ್ನದೊಂದು ಪ್ರಶ್ನೆ. ಒಂದು ಕಾಲಕ್ಕೆ ಇಷ್ಟೊಂದು ಹೆಂಗಸರು ಇದ್ದರು ಅಂದ ಮೇಲೆ ಆಮೇಲೆ ಎಲ್ಲಿ ಹೋದರು? ಸಿನಿಮಾ ಬೆಳೆದ ಹಾಗೆ ಹೆಚ್ಚಾಗಬೇಕಿತ್ತಲ್ಲ?

ಲೆಕ್ಕದಮೇಷ್ಟ್ರು:

ದುಡ್ಡಿನ ದಾರಿ ಹಿಡಿದು ಹೋದರೆ ಉತ್ತರ ಸಿಗುತ್ತದೆ ಮಗಾ.

1916ರಲ್ಲಿ ಜರ್ಮನಿ ವಿದೇಶಿ ಚಿತ್ರಗಳ ಆಮದಿಗೆ ತಡೆ ಹಾಕಿತು. ಥಿಯೇಟರುಗಳಿಗೆ ವಾರವಾರ ಹೊಸ ಚಿತ್ರ ಬೇಕೇ ಬೇಕು. ಗಂಡಸರು ಯುದ್ಧಕ್ಕೆ ಹೋಗಿದ್ದಾರೆ. ಒಂದು ಕ್ಯಾಮೆರಾ, ನಾಲ್ಕು ಜನ, ಸ್ವಲ್ಪ ಸಾಲ ಇದ್ದರೆ ಕಂಪನಿ ಶುರು. ಹೆನ್ನಿಂಗ್, ಆಂಡ್ರಾ, ಎಲ್ಲ ಆ ಹೊತ್ತಿನವರೇ. ಟಿಕೆಟ್ ಕೊಳ್ಳುವವರಲ್ಲೂ ಹೆಂಗಸರು ಬಹಳ. ಎಮಿಲಿ ಆಲ್ಟನ್‌ಲೋ ಅನ್ನುವ ಹುಡುಗಿ ಮ್ಯಾನ್‌ಹೈಮ್ ಊರಿನಲ್ಲಿ ಯಾರುಯಾರು ಸಿನಿಮಾಕ್ಕೆ ಹೋಗುತ್ತಾರೆ ಅಂತ ಪ್ರಶ್ನಾವಳಿ ಹಂಚಿ, 1914ರಲ್ಲೇ ಪ್ರಬಂಧ ಅಚ್ಚು ಹಾಕಿಸಿದ್ದಳು. ಸಿನಿಮಾ ಪ್ರೇಕ್ಷಕರ ಬಗ್ಗೆ ಅಷ್ಟು ಹಿಂದೆ ಹಾಗೆ ಕೂತು ಲೆಕ್ಕ ಹಾಕಿದವರು ಕಡಿಮೆ.

1917ರ ಡಿಸೆಂಬರ್‌ನಲ್ಲಿ ಉಫಾ ಅನ್ನುವ ದೈತ್ಯ ಸಿನಿಮಾ ಕಂಪನಿ ಹುಟ್ಟಿತು. ಹಿಂದೆ ಸೇನೆ, ಡಾಯ್ಚ ಬ್ಯಾಂಕ್. ಚಿಕ್ಕ ಕಂಪನಿಗಳನ್ನು ಒಂದೊಂದಾಗಿ ನುಂಗಿತು. 1923ರ ನವೆಂಬರ್‌ಗೆ ಒಂದು ಡಾಲರಿಗೆ 4.2 ಲಕ್ಷ ಕೋಟಿ ಮಾರ್ಕ್. ತಪ್ಪು ಓದಲಿಲ್ಲ ನೀವು. ಸಣ್ಣ ಬಂಡವಾಳದವರು ಅಲ್ಲೇ ಮುಗಿದರು. ಕೊನೆಗೆ 1929, 30ರಲ್ಲಿ ಸೌಂಡ್ ಬಂತು. ಯಂತ್ರ ದುಬಾರಿ, ಪೇಟೆಂಟ್ ಕೆಲವೇ ಕಂಪನಿಗಳ ಮುಷ್ಟಿಯಲ್ಲಿ. ಹೆಂಗಸರನ್ನು ಯಾರೂ ‘ಹೊರಗೆ ಹೋಗಿ’ ಅನ್ನಲಿಲ್ಲ. ಅವರು ಕೂತಿದ್ದ ಪುಟ್ಟ ಅಂಗಡಿಗಳೇ ಮುಚ್ಚಿದವು. ನಮ್ಮ ಬೀದಿಯ ಶೆಟ್ಟರ ಅಂಗಡಿಗೂ ಹೀಗೇ ಆಯಿತು, ಅದಿರಲಿ.

ಹದಿನಾರುಎಂಎಂ:

ಮೇಷ್ಟ್ರೇ, ಅದಕ್ಕೆ ಒಂದು ಉದಾಹರಣೆ. ಮರೀ ಲೂಯಿಸ್ ಡ್ರೂಪ್. ಕಾರ್ಲ್ ಮೇ ಅನ್ನುವ ಸಾಹಸ ಕಥೆಗಾರನ ಪರಮ ಅಭಿಮಾನಿ. 1920ರಲ್ಲಿ ಕಂಪನಿ ಕಟ್ಟಿ ಅವನ ಕಥೆಗಳನ್ನೇ ಮೂರು ಚಿತ್ರ ಮಾಡಿಸಿದರು. ಕಂಪನಿ ಹೆಸರು ‘ಉಸ್ತಾದ್ ಫಿಲ್ಮ್’! ನಮ್ಮ ಗರಡಿ ಮನೆ ಉಸ್ತಾದನೇ, ಪದ ಅಲ್ಲಿಯವರೆಗೆ ಹೋಗಿದೆ. ಮುಂದೆ ಡ್ರಾಕುಲಾ ಆಗಿ ಹೆಸರಾದ ಬೇಲಾ ಲುಗೋಸಿ ಕೂಡ ನಟಿಸಿದ್ದರು. ಕಂಪನಿ ದಿವಾಳಿ. ಮೂರು ಚಿತ್ರವೂ ಈಗ ಇಲ್ಲ.

ದುಡ್ಡು ಕೈಯಲ್ಲಿದ್ದಾಗ ಏನಾಗುತ್ತಿತ್ತು ಅನ್ನುವುದಕ್ಕೆ ಆಸ್ಟಾ ನೀಲ್ಸನ್ ನೋಡಿ. ಡೆನ್ಮಾರ್ಕ್‌ನವರು, ಬರ್ಲಿನ್‌ನಲ್ಲಿ ಸ್ವಂತ ಕಂಪನಿಯಿಂದ ‘ಹ್ಯಾಮ್ಲೆಟ್’ ತೆಗೆಸಿದರು, 1921ರಲ್ಲಿ ಬಂತು. ಹ್ಯಾಮ್ಲೆಟ್ ಅವರೇ. ಗಂಡಸಿನ ಪಾತ್ರ ಮಾಡಿದ್ದಲ್ಲ. ಅಲ್ಲಿ ಹ್ಯಾಮ್ಲೆಟ್ ಹುಟ್ಟಿನಿಂದ ಹೆಣ್ಣು, ಸಿಂಹಾಸನ ಉಳಿಸಲು ಗಂಡಾಗಿ ಬೆಳೆಸಿದ ರಾಜಕುಮಾರಿ. ಬೇರೆಯವರ ದುಡ್ಡಾಗಿದ್ದರೆ ಇದಕ್ಕೆ ಯಾರು ಒಪ್ಪುತ್ತಿದ್ದರು?

ನೆಕ್ಕರ್‌ದಂಡೆ:

ಕೊನೆಯ ಇಬ್ಬರನ್ನು ಮರೆಯಬೇಡಿ. ಮರೀ ಹಾರ್ಡರ್, ‘ಸಂಬಳದ ಗುಮಾಸ್ತ ಕ್ರೆಮ್ಕೆ’, 1930. ಸೋಶಿಯಲ್ ಡೆಮಾಕ್ರಟಿಕ್ ಪಕ್ಷದ ಸಿನಿಮಾ ವಿಭಾಗ ನೋಡಿಕೊಳ್ಳುತ್ತಿದ್ದವರು. ಒಬ್ಬ ಗುಮಾಸ್ತನ ಕೆಲಸವನ್ನು ಲೆಕ್ಕ ಮಾಡುವ ಯಂತ್ರ ಕಿತ್ತುಕೊಳ್ಳುತ್ತದೆ. ಅಷ್ಟೇ ಕಥೆ. ಇನ್ನೊಬ್ಬರು ಎಲ್ಲಾ ಬರ್ಗ್‌ಮನ್ ಮಿಶೆಲ್. ಫ್ರಾಂಕ್‌ಫರ್ಟ್‌ನಲ್ಲಿ ಕೈಯಲ್ಲಿ ಹಿಡಿಯುವ ಕಿನಾಮೊ ಕ್ಯಾಮೆರಾ ಇಟ್ಟುಕೊಂಡು 1931ರಿಂದ 33ರವರೆಗೆ ಸಾಕ್ಷ್ಯಚಿತ್ರ ತೆಗೆದರು. ಜಗತ್ತೆಲ್ಲ ಟಾಕಿಗೆ ಹೋಗಿದೆ, ಇವರದ್ದು ಮೂಕಿಯೇ. ಕೆಲಸವಿಲ್ಲದವರು ಕೆಲಸವಿಲ್ಲದವರಿಗೆ ಅಡುಗೆ ಮಾಡುವುದು, ಪರವಾನಗಿ ಇಲ್ಲದೆ ಬೀದಿಯಲ್ಲಿ ಮಾರುವವರು ಪೊಲೀಸರು ಬಂದರೆ ಗಂಟು ಕಟ್ಟಿ ಓಡುವುದು. ಕೊನೆಯದ್ದು 1932ರ ಚುನಾವಣೆ. ಗೋಡೆ ತುಂಬ ಪೋಸ್ಟರು, ಕಿಟಕಿ ಕಿಟಕಿಗೆ ಬಾವುಟ. ಅದು ಪೂರ್ತಿ ಮುಗಿಯಲೇ ಇಲ್ಲ. ಮುಂದಿನ ವರ್ಷ ಹಿಟ್ಲರ್ ಬಂದ.

ಹಿಂದಿನಬೆಂಚು:

ಕ್ರೆಮ್ಕೆ ಕಥೆ ಕೇಳಿ ಹೊಟ್ಟೆ ಚುರ್ ಅಂತು. ನಾನು ಓದುತ್ತಿರುವುದು ಬಿಕಾಂ.

ಕತ್ತರಿಸಾಣೆ:

ಲೂಯಿಸ್ ಫ್ಲೆಕ್ ಬಗ್ಗೆ ಯಾರೂ ಹೇಳಲಿಲ್ಲ. ವಿಯೆನ್ನಾದವರು. 1910ರಲ್ಲಿ ಆಸ್ಟ್ರಿಯಾದ ಮೊದಲ ದೊಡ್ಡ ಸಿನಿಮಾ ಕಂಪನಿ ಕಟ್ಟಿದವರಲ್ಲಿ ಒಬ್ಬರು. 1926ರಿಂದ ಬರ್ಲಿನ್. ಗಂಡ ಯಾಕೋಬ್ ಜೊತೆ ಅಲ್ಲೇ ಮೂವತ್ತಕ್ಕೂ ಹೆಚ್ಚು ಚಿತ್ರ. ಅದರಲ್ಲಿ ಹಲವಕ್ಕೆ ದುಡ್ಡು ಹಾಕಿದವರು ಲಿಡ್ಡಿ ಹೇಗೆವಾಲ್ಡ್, ಅವರೂ ಹೆಂಗಸು. ಯಾಕೋಬ್ ಯಹೂದಿ. 1938ರಲ್ಲಿ ಡಾಖೌ, ಆಮೇಲೆ ಬುಖನ್‌ವಾಲ್ಡ್, ಎರಡೂ ನಾತ್ಸಿಗಳ ಸೆರೆಶಿಬಿರ. 1940ರಲ್ಲಿ ಬಿಡುಗಡೆಯಾಗಿ ಇಬ್ಬರೂ ಶಾಂಘಾಯ್‌ಗೆ ಓಡಿಹೋದರು. ಅಲ್ಲಿ ಸುಮ್ಮನೆ ಕೂರಲಿಲ್ಲ. ಚೀನಾದ ನಿರ್ದೇಶಕ ಫೇ ಮು ಜೊತೆ ಸೇರಿ ಒಂದು ಸಿನಿಮಾ ಮಾಡಿದರು! ಲೂಯಿಸ್‌ಗೆ ಆಗ ಅರವತ್ತೆಂಟರ ಆಸುಪಾಸು. ನನಗೆ ಐವತ್ತೆಂಟಕ್ಕೇ ಮಂಡಿ ನೋವು.

ಕನಕಪುರರೋಡ್:

ತಡವಾಗಿ ಬಂದೆ. ಬೆಂಗಳೂರಿಗೂ ಒಂದು ಎಳೆ ಇದೆ. ನಮ್ಮ ನಟಿ ದೇವಿಕಾ ರಾಣಿ. 1929ರ ‘ಪ್ರಪಂಚ ಪಾಶ್’ ಮೂಕಿ ಚಿತ್ರಕ್ಕೆ ಅವರು ಉಡುಪು, ಸೆಟ್ ಕೆಲಸ ಮಾಡಿದರು. ನಿರ್ದೇಶಕ ಮ್ಯೂನಿಕ್‌ನ ಫ್ರಾಂಜ್ ಓಸ್ಟೆನ್. ಆಮೇಲೆ ಬರ್ಲಿನ್‌ಗೆ ಹೋಗಿ ಉಫಾ ಸ್ಟುಡಿಯೊದಲ್ಲಿ ಕೆಲಸ ಕಲಿತರು. ಅಂದರೆ ಮೂಕಿ ಮುಗಿಯುವ ಹೊತ್ತಿನಲ್ಲಿ ನೀವು ಹೇಳುವ ಆ ಕೋಣೆಗಳಲ್ಲಿ ಓಡಾಡಿದ್ದಾರೆ. ಕೊನೆಯವರೆಗೆ ಇದ್ದದ್ದು ಇಲ್ಲೇ ನಮ್ಮ ರಸ್ತೆಯ ತಾತಗುಣಿ ಎಸ್ಟೇಟ್‌ನಲ್ಲಿ. 1994ರಲ್ಲಿ ತೀರಿಕೊಂಡರು. ದಿನಾ ಬಸ್ಸಿನಲ್ಲಿ ಆ ಗೇಟ್ ದಾಟುತ್ತೇನೆ.

ಅನುಮಾನಪ್ಪ:

ಕತ್ತರಿಸಾಣೆ ಮೇಡಂ, ನಿಮ್ಮ ಹೆಸರು ಬಿಟ್ಟ ಆ ಚಿತ್ರ ಯಾವುದು ಅಂತ ಇಲ್ಲಿ ಹೇಳಬೇಡಿ. ಖಾಸಗಿಯಾಗಿ ತಿಳಿಸಿ. ಒಂದು ಸಲ ನೋಡಬೇಕು ಅನಿಸುತ್ತಿದೆ.

ಕತ್ತರಿಸಾಣೆ:

ಚಿತ್ರ ಓಡಲಿಲ್ಲ ಸರ್. ಪ್ರಿಂಟ್ ಇದೆಯೋ ಇಲ್ಲವೋ. ಕಳಿಸುತ್ತೇನೆ ಹೆಸರು.

ಹದಿನಾರುಎಂಎಂ:

ಸುದ್ದಿ. ಈ ಚರ್ಚೆಯನ್ನೆಲ್ಲ ಕ್ವಿಜ್ ಮಾಸ್ಟರ್‌ಗೆ ಕಳಿಸಿದ್ದೆ. ಈಗ ಉತ್ತರ ಬಂತು. ‘ನಿಮ್ಮ ವಾದದಲ್ಲಿ ಸತ್ವ ಇದೆ, ಆದರೆ ಫಲಿತಾಂಶ ಪ್ರಕಟವಾಗಿದೆ. ಹತ್ತರಲ್ಲಿ ಐದು ಅಂಕ ಕೊಡಬಹುದು.’

ತೊಗಲುಗೊಂಬೆ:

ಅರ್ಧ ಯಾಕಂತೆ?

ಹಿಂದಿನಬೆಂಚು:

ಇನ್ನರ್ಧ ಡಾ. ಪೋರ್ಟೆಗ್ ಅವರ ಗಂಡನಿಗೆ ಇರಬೇಕು.